ಹಸುವಿನ ಹಿಂದೆ ಏರ್‌ಪೋರ್ಟು

ಕನಕಪುರ ರಸ್ತೆಯಲ್ಲಿ ಹಾರೋಹಳ್ಳಿ ದಾಟಿ ಒಂದು ರಾಗಿ ಹೊಲದ ಬದುವಿನ ಮೇಲೆ ನಿಂತಿದ್ದೆವು. ಇಸ್ತ್ರಿ ಶರ್ಟು ಹಾಕಿ, ಕುತ್ತಿಗೆಗೆ ಟ್ಯಾಗ್ ನೇತುಹಾಕಿಕೊಂಡಿದ್ದ ಸೈಟು ಮಾರುವ ಹುಡುಗ ಕೈ ತೋರಿಸಿದ. ‘ಸರ್, ಅಲ್ಲಿ ಹಸು ಮೇಯ್ತಿದೆ ನೋಡಿ, ಅದರ ಹಿಂದೇನೇ ಏರ್‌ಪೋರ್ಟು.’ ನಾನು ಹಸುವನ್ನು ನೋಡಿದೆ. ಹಸು ನನ್ನನ್ನು ನೋಡಿತು. ಇಬ್ಬರಿಗೂ ವಿಮಾನ ಕಾಣಲಿಲ್ಲ.

ನನ್ನ ಭಾವಮೈದನಿಗೆ ಕಂಡಿತು. ‘ಭಾವ, ಎರಡೇ ವರ್ಷ. ಡಬಲ್ ಆಗುತ್ತೆ’ ಅಂದ. ನನ್ನನ್ನು ಇಲ್ಲಿಗೆ ಎಳೆದುಕೊಂಡು ಬಂದವನೇ ಅವನು. ಬನಶಂಕರಿಯಿಂದ ಉಚಿತ ಗಾಡಿ, ಮಧ್ಯಾಹ್ನ ಉಚಿತ ಊಟ. ಊಟದಲ್ಲಿ ಹೋಳಿಗೆ ಇತ್ತು, ತುಪ್ಪ ಜಾಸ್ತಿಯೇ ಹಾಕಿದ್ದರು. ಅವತ್ತು ಕಣ್ಣಿಗೆ ಕಂಡ ಸೌಕರ್ಯ ಅದೊಂದೇ.

ಉಳಿದದ್ದೆಲ್ಲ ಪ್ರಪೋಸ್ಡ್. ಕೈಗೆ ಕೊಟ್ಟ ಬ್ರೋಷರ್‌ನಲ್ಲಿ ಮೆಟ್ರೋ, ರಿಂಗ್ ರೋಡ್, ಆಸ್ಪತ್ರೆ, ಏರ್‌ಪೋರ್ಟ್ ಎಲ್ಲವೂ ಕುಂಬಳಕಾಯಿ ಗಾತ್ರದಲ್ಲಿದ್ದವು. ಅವುಗಳ ಹಿಂದೆ ‘ಪ್ರಪೋಸ್ಡ್’ ಅನ್ನುವ ಪದ ಸಾಸಿವೆ ಗಾತ್ರದಲ್ಲಿ ಅಡಗಿ ಕೂತಿತ್ತು.

ಹಾಗಂತ ಹುಡುಗ ಪೂರ್ತಿ ಬುರುಡೆ ಬಿಟ್ಟ ಅನ್ನುವ ಹಾಗಿಲ್ಲ. ಬೆಂಗಳೂರಿಗೆ ಎರಡನೇ ವಿಮಾನ ನಿಲ್ದಾಣ ಬೇಕು ಅಂತ ಸರ್ಕಾರ ಜಾಗ ಹುಡುಕುತ್ತಿರುವುದು ನಿಜ. 2025ರಲ್ಲಿ ಅಧಿಕಾರಿಗಳು ಬಂದು ಕನಕಪುರ ರಸ್ತೆಯ ಕಡೆಯೂ ನೆಲಮಂಗಲದ ಕಡೆಯೂ ಜಾಗ ನೋಡಿಕೊಂಡು ಹೋದರು. ಆದರೆ ದೇವನಹಳ್ಳಿ ನಿಲ್ದಾಣದವರ ಜೊತೆ ಆಗಿರುವ ಒಪ್ಪಂದದ ಪ್ರಕಾರ, 2033ರವರೆಗೆ 150 ಕಿಲೋಮೀಟರ್ ಒಳಗೆ ಇನ್ನೊಂದು ಹೊಸ ನಿಲ್ದಾಣ ಬರುವ ಹಾಗಿಲ್ಲ. ಇದನ್ನೇ ಹುಡುಗನಿಗೆ ಹೇಳಿದೆ. ‘ಅದಕ್ಕೇ ಸರ್ ರೇಟು ಈಗ ಕಮ್ಮಿ ಇರೋದು’ ಅಂದುಬಿಟ್ಟ. ಇಂಥ ತಲೆ ಸುಮ್ನೆ ಬಿಸಿಲಲ್ಲಿ ನಿಂತು ಸೈಟು ಮಾರುತ್ತಿದೆಯಲ್ಲ ಅಂತ ಬೇಜಾರಾಯಿತು.

ನಮ್ಮ ಚಿಕ್ಕಪ್ಪನೂ ಒಂದು ಕಾಲದಲ್ಲಿ ಹೀಗೇ ಪೆರಿಫೆರಲ್ ರಿಂಗ್ ರೋಡ್ ಪಕ್ಕ ಸೈಟು ಹುಡುಕಿಕೊಂಡು ಅಲೆದಿದ್ದರು. ತುಮಕೂರು ರಸ್ತೆಯಿಂದ ಹೊಸೂರು ರಸ್ತೆವರೆಗೆ ಸುಮಾರು 73 ಕಿಲೋಮೀಟರ್. 2007ರಲ್ಲೇ ಅಂತಿಮ ಅಧಿಸೂಚನೆ ಆಗಿತ್ತು. ರಸ್ತೆ ಬರಲಿಲ್ಲ. ಆದರೆ ರಸ್ತೆಗೆ ಗುರುತಾದ ಜಮೀನಿನ ರೈತರು ಇತ್ತ ಮಾರುವ ಹಾಗಿಲ್ಲ, ಅತ್ತ ಮನೆ ಕಟ್ಟುವ ಹಾಗಿಲ್ಲ. ಅಪ್ಪನಿಗೆ ನೋಟಿಸ್ ಬಂದಿತ್ತು, ಈಗ ಮಗ ಪರಿಹಾರಕ್ಕೆ ಅಲೆಯುತ್ತಿದ್ದಾನೆ. ಇಷ್ಟು ವರ್ಷದಲ್ಲಿ ಏನೂ ಆಗಿಲ್ಲ ಅಂತ ದೂರಬಾರದು ಮತ್ತೆ. ಹೆಸರು ಬದಲಾಯಿತು. ಈಗ ಅದು ಬೆಂಗಳೂರು ಬ್ಯುಸಿನೆಸ್ ಕಾರಿಡಾರ್. ಹೆಸರಿಗೆ ಭೂಸ್ವಾಧೀನ ಬೇಕಿಲ್ಲ ನೋಡಿ.

ನಾವು ನಿಂತಿದ್ದ ಹೊಲದ ಕಥೆಯೂ ಅದೇ. ಅದು ರಾಮನಗರ ಜಿಲ್ಲೆಯಲ್ಲಿತ್ತು. 2025ರಲ್ಲಿ ಜಿಲ್ಲೆಯ ಹೆಸರು ಬೆಂಗಳೂರು ದಕ್ಷಿಣ ಅಂತಾಯಿತು. ಒಂದು ಲೋಡು ಜಲ್ಲಿ ಬೀಳಲಿಲ್ಲ, ಒಂದು ಬಾಂಡ್ಲಿ ಸಿಮೆಂಟು ಕಲಸಲಿಲ್ಲ. ಹೊಲ ಮಲಗಿದ ಜಾಗದಲ್ಲೇ ಬೆಂಗಳೂರಿಗೆ ಬಂದುಬಿಟ್ಟಿತು. ಬದುವಿನ ಮೇಲೆ ಕೂತಿದ್ದ ಯಜಮಾನರನ್ನು ಕೇಳಿದರೆ, ‘ಬಸ್ಸು ಮಾತ್ರ ಮೊದಲಿನ ಹಂಗೇ, ದಿನಕ್ಕೆ ಮೂರೇ ಸಲ ಸ್ವಾಮಿ’ ಅಂದರು.

ಉಪನಗರ ರೈಲಿಗೆ 2022ರ ಜೂನ್‌ನಲ್ಲಿ ಶಂಕುಸ್ಥಾಪನೆ ಆದಾಗ 40 ತಿಂಗಳು ಅಂದಿದ್ದರು. ಆ 40 ತಿಂಗಳು 2025ರ ಅಕ್ಟೋಬರ್‌ನಲ್ಲಿ ಸರಿಯಾದ ಸಮಯಕ್ಕೆ ಬಂದು ಹೋದವು. ರೈಲು ಬರಲಿಲ್ಲ.

ನಿಜ ಹೇಳಬೇಕೆಂದರೆ ಸೈಟು ಇಟ್ಟುಕೊಂಡವರಿಗೆ ಕೆಲಸ ಮುಗಿಯುವುದು ಬೇಕಿಲ್ಲ. ಘೋಷಣೆಯ ದಿನ ರೇಟು ಏರುತ್ತದೆ, ಗುದ್ದಲಿ ಪೂಜೆಯ ದಿನ ಇನ್ನೊಂದು ಸಲ ಏರುತ್ತದೆ. ಕೆಲಸ ಶುರುವಾದರೆ ಬರೀ ಧೂಳು, ಡೈವರ್ಷನ್ನು. ಈಜಿಪುರ ಫ್ಲೈಓವರ್ ನೋಡಿ. 2017ರಲ್ಲಿ ಶುರುವಾಯಿತು. ಎರಡೂವರೆ ಕಿಲೋಮೀಟರೂ ಇಲ್ಲ. ವರ್ಷಗಟ್ಟಲೆ ಕೋರಮಂಗಲದಲ್ಲಿ ಬರೀ ಕಂಬಗಳು ನಿಂತಿದ್ದವು, ಹಂಪಿಯಲ್ಲಿ ನಿಂತ ಹಾಗೆ. ಸುಮ್ಮನೆ ಪ್ರಪೋಸ್ಡ್ ಆಗಿಯೇ ಉಳಿದಿದ್ದರೆ ಅಕ್ಕಪಕ್ಕದ ಅಂಗಡಿಯವರಾದರೂ ನಾಲ್ಕು ಕಾಸು ನೋಡುತ್ತಿದ್ದರು.

ಭಾವಮೈದ ಅವತ್ತೇ ಟೋಕನ್ ಕೊಟ್ಟ. ಕಾರ್ನರ್ ಸೈಟು, ಪೂರ್ವ ದಿಕ್ಕು, ರನ್‌ವೇ ಗಾಳಿ. ಎರಡು ವಾರ ಬಿಟ್ಟು ಫೋನ್ ಮಾಡಿದ. ನೆಲಮಂಗಲದ ಕಡೆಯೂ ಒಂದು ಸೈಟಿಗೆ ಟೋಕನ್ ಕೊಟ್ಟಿದ್ದಾನಂತೆ. ‘ಏರ್‌ಪೋರ್ಟು ಯಾವ ಕಡೆ ಬಂದ್ರೂ ನಮ್ಮದೇ ಅಲ್ವಾ ಭಾವ? ಒಂದೆರಡು ಲಕ್ಷ ಕಮ್ಮಿ ಬಿದ್ದಿದೆ.’

‘ಎರಡು ಲಕ್ಷ ಪ್ರಪೋಸ್ಡ್ ಇದೆ ಕಣೋ’ ಅಂದೆ. ‘ಜಾಗ ನೋಡ್ಕೊಂಡು ಹೋಗಿದ್ದಾರೆ.’

‘ತಮಾಷೆ ಮಾಡಬೇಡಿ ಭಾವ’ ಅಂದ, ‘ಇದು ದುಡ್ಡಿನ ವಿಷಯ.’