ಪರವಾನಗಿಯಿಲ್ಲದ ಮೋಡ

ಒಂದು ಕಲ್ಪಿತ ರಾಜ್ಯದಲ್ಲಿ ಮಳೆ ತರಿಸುವ ಮಂತ್ರವಿದ್ಯೆಗೆ ನಿಷೇಧವಿದೆ. ಇಂಥದೊಂದು ವಿದ್ಯೆ ಇಲ್ಲವೇ ಇಲ್ಲ, ಅದೆಲ್ಲ ಮೂಢನಂಬಿಕೆ ಎಂದು ಕಾಯ್ದೆಯ ಪ್ರಸ್ತಾವನೆ ಹೇಳುತ್ತದೆ. ಅದರ ಬೆನ್ನಿಗೇ ಬರುವ ಮೊದಲ ಕಲಮಿನ ಪ್ರಕಾರ ಈ ವಿದ್ಯೆಯನ್ನು ಪ್ರಯೋಗಿಸಿದವರಿಗೆ 7 ವರ್ಷ ಸೆರೆವಾಸ, ಪ್ರಯೋಗ ಫಲಿಸಿದರೆ 14. ಇಲ್ಲದ ವಿದ್ಯೆ ಫಲಿಸುವುದು ಹೇಗೆಂದು ಶಾಸನಸಭೆಯಲ್ಲಿ ಒಬ್ಬರು ಕೇಳಲು ಎದ್ದು ನಿಂತಿದ್ದರಂತೆ. ಅಷ್ಟರಲ್ಲಿ ಗುಡುಗಿತು. ಸದಸ್ಯರೆಲ್ಲ ಅವಸರವಸರವಾಗಿ ಕೈ ಎತ್ತಿ, ಮಸೂದೆಯನ್ನು ಅಂಗೀಕರಿಸಿ, ಮನೆಯ ಕಡೆಗೆ ಓಡಿದರು.

ಆಮೇಲೆ ನಿಯಮಾವಳಿ ಬಂತು. ಆಕಾಶ ನೋಡುವುದು ತಪ್ಪಲ್ಲ, ಆಸೆಯಿಂದ ನೋಡುವುದು ತಪ್ಪು. ಕಪ್ಪೆ ವಟಗುಟ್ಟಿದರೆ ಪ್ರಚೋದನೆ, ನವಿಲು ಗರಿ ಬಿಚ್ಚಿದರೆ ಸಂಚು, ಇರುವೆಗಳು ಮೊಟ್ಟೆ ಹೊತ್ತು ಸಾಲಾಗಿ ಹೊರಟರೆ ಅಕ್ರಮ ಕೂಟ. ಅಮೃತವರ್ಷಿಣಿ ರಾಗ ಹಾಡುವವರು ಮುಂಚಿತವಾಗಿ ಅರ್ಜಿ ಹಾಕಿಕೊಂಡರೆ ಆರೋಹಣಕ್ಕೆ ಮಾತ್ರ ಅನುಮತಿ ಸಿಗುತ್ತದೆ. ಅವರೋಹಣದಲ್ಲಿ ಏನಾದರೂ ಕೆಳಗಿಳಿದುಬಿಟ್ಟರೆ ಎಂಬ ಭಯ ಅಧಿಕಾರಿಗಳಿಗೆ.

ಕಲ್ಪಿತ ರಾಜ್ಯವನ್ನು ಹಳಿಯುವುದು ಸುಲಭ ಎನ್ನುತ್ತೀರೇನೋ. ಸರಿ, ಕಲ್ಪನೆಯೇ ಇಲ್ಲದ ರಾಜ್ಯಗಳ ಕಡೆಗೂ ಒಮ್ಮೆ ತಿರುಗೋಣ. ಬಿರುಗಾಳಿ ಎಬ್ಬಿಸುವ ಮಾಂತ್ರಿಕರನ್ನು ಯುರೋಪಿನ ಫ್ರಾಂಕರ ದೊರೆ ಷಾರ್ಲಮೇನ್ 789ರಲ್ಲೇ ನಿಷೇಧಿಸಿದ್ದ. ಒಂದು ತಲೆಮಾರು ಕಳೆದ ಮೇಲೆ ಈಗಿನ ಫ್ರಾನ್ಸಿನ ಲಿಯೋನ್ ನಗರದ ಆರ್ಚ್‌ಬಿಷಪ್ ಅಗೋಬಾರ್ಡ್ ಅಲ್ಲಿನ ಜನರ ನಂಬಿಕೆಯನ್ನು ಬರೆದಿಟ್ಟ. ಮಗೋನಿಯಾ ಎಂಬ ದೇಶದಿಂದ ಮೋಡಗಳ ಮೇಲೆ ಹಡಗುಗಳು ಬರುತ್ತವೆ, ಆಲಿಕಲ್ಲಿನ ಹೊಡೆತಕ್ಕೆ ಉದುರಿದ ಬೆಳೆಯನ್ನು ಮಾಂತ್ರಿಕರಿಂದ ಕೊಂಡು ತುಂಬಿಕೊಂಡು ಹೋಗುತ್ತವೆ ಎಂದು ಜನ ನಂಬಿದ್ದರು. ಆ ಹಡಗಿನಿಂದ ಕೆಳಗೆ ಬಿದ್ದವರೆಂದು ನಾಲ್ವರನ್ನು ಕಟ್ಟಿಹಾಕಿ, ಕಲ್ಲೆಸೆದು ಕೊಲ್ಲಲೂ ಸಿದ್ಧರಾಗಿದ್ದರು. ಅಗೋಬಾರ್ಡ್ ವಾದ ಮಾಡಿ ಅವರ ಜೀವ ಉಳಿಸಿದ. ದೊಡ್ಡ ಮನುಷ್ಯ, ಸಂಶಯವಿಲ್ಲ. ಆದರೆ ಅವನ ಸಿಟ್ಟಿಗೆ ಇನ್ನೊಂದು ಕಾರಣವೂ ಇತ್ತು. ಚರ್ಚಿಗೆ ಸಲ್ಲಬೇಕಾದ ದಶಮಾಂಶ, ಅಂದರೆ ಹತ್ತರಲ್ಲೊಂದು ಪಾಲು, ಕೊಡಲು ಕೈಬಾರದ ಜನ, ಆಲಿಕಲ್ಲು ತಡೆಯುತ್ತೇವೆ ಎನ್ನುವವರಿಗೆ ಮಾತ್ರ ಯಾರೂ ಕೇಳದೆಯೇ ಪಾಲು ಅಳೆದು ಕೊಡುತ್ತಿದ್ದರು. ಕಣಜದ ವಿಷಯ ಬಂದಾಗ ಧರ್ಮಶಾಸ್ತ್ರ ಎಲ್ಲೆಡೆಯೂ ಚುರುಕಾಗುತ್ತದೆ.

ನನಗೆ ಎಲ್ಲಕ್ಕಿಂತ ಪ್ರಿಯವಾದದ್ದು ಅಮೆರಿಕದ ಸ್ಯಾನ್ ಡಿಯಾಗೊ ನಗರದ ಪ್ರಕರಣ. ಜಲಾಶಯ ತುಂಬಿಸಿಕೊಟ್ಟರೆ 10,000 ಡಾಲರ್ ಕೊಡುತ್ತೇವೆಂದು ಅಲ್ಲಿನ ನಗರಸಭೆ 1915ರ ಕೊನೆಯಲ್ಲಿ ಚಾರ್ಲ್ಸ್ ಹ್ಯಾಟ್‌ಫೀಲ್ಡ್ ಎಂಬ ಮಳೆ ತರಿಸುವವನಿಗೆ ಬಾಯಿಮಾತಿನಲ್ಲಿ ಒಪ್ಪಿಕೊಂಡಿತು. ಆತ ಗೋಪುರ ಕಟ್ಟಿ, ಅದರ ತುದಿಯಲ್ಲಿ ಗುಟ್ಟಿನ ರಸಾಯನಗಳನ್ನು ಆವಿಯಾಗಿಸಿದ. 1916ರ ಜನವರಿಯಲ್ಲಿ ಸುರಿದ ಮಳೆಯ ರಭಸಕ್ಕೆ ಒಂದು ಅಣೆಕಟ್ಟೆ ಒಡೆದು ಜನ ಸತ್ತರು. ಹಣ ಕೇಳಲು ಹೋದವನಿಗೆ ಸಿಕ್ಕಿದ ಉತ್ತರದ ತಾತ್ಪರ್ಯ ಇಷ್ಟು: ಮಳೆ ನಿನ್ನದಾದರೆ ನಷ್ಟವನ್ನೂ ನೀನೇ ತುಂಬಿಕೊಡು, ನಿನ್ನದಲ್ಲವಾದರೆ ದುಡ್ಡು ಯಾಕೆ ಕೇಳುತ್ತೀಯೆ? ಆತ ನ್ಯಾಯಾಲಯದ ಮೆಟ್ಟಿಲು ಹತ್ತಿದರೂ ಕಾಸು ಹುಟ್ಟಲಿಲ್ಲ.

ಅದೇ ದೇಶ 1967ರಿಂದ 1972ರವರೆಗೆ ವಿಯೆಟ್ನಾಂ ಯುದ್ಧದಲ್ಲಿ ಶತ್ರುವಿನ ಸಾಗಾಟದ ದಾರಿಯನ್ನು ಕೆಸರಾಗಿಸಲು ಗುಟ್ಟಾಗಿ ಮೋಡ ಬಿತ್ತನೆ ಮಾಡಿತು. ಹವಾಮಾನವನ್ನು ಆಯುಧವಾಗಿ ಬಳಸಬಾರದೆಂಬ ಅಂತರರಾಷ್ಟ್ರೀಯ ಒಪ್ಪಂದ 1978ರಲ್ಲಿ ಜಾರಿಗೆ ಬಂತು. 2025ರಲ್ಲಿ ಫ್ಲಾರಿಡಾ ರಾಜ್ಯ ಇನ್ನೊಂದು ಹೆಜ್ಜೆ ಮುಂದಿಟ್ಟು ಹವಾಮಾನ ಬದಲಿಸುವ ಪ್ರಯತ್ನವನ್ನೇ ಅಪರಾಧವೆಂದು ಸಾರಿತು. ದಂಡ 1 ಲಕ್ಷ ಡಾಲರ್‌ವರೆಗೆ. ಆಕಾಶದಲ್ಲಿ ಅನುಮಾನಾಸ್ಪದವಾದದ್ದು ಕಂಡರೆ ನಾಗರಿಕರು ಸರ್ಕಾರಕ್ಕೆ ದೂರು ಕೊಡುವ ವ್ಯವಸ್ಥೆಯೂ ಉಂಟು. ನಮ್ಮ ಕಲ್ಪಿತ ರಾಜ್ಯಕ್ಕೆ ಇದು ಹೊಳೆದಿರಲಿಲ್ಲ. ಈಗ ತಿದ್ದುಪಡಿ ತರುತ್ತಿದ್ದಾರೆ.

ಅಲ್ಲಿ ಒಂದು ಮಳೆ ಇಲಾಖೆಯೂ ಇದೆ. ಮಂತ್ರಿಗಳು ಮಾಡಿಸಿದರೆ ಅದು ಮಂತ್ರವಲ್ಲ, ಯೋಜನೆ. ಮೋಡ ಬಿತ್ತನೆಗೆ ಬಳಸುವ ಸಿಲ್ವರ್ ಅಯೋಡೈಡ್ ಕಣಗಳ ಸುತ್ತ ಹಿಮ ಹರಳುಗಟ್ಟಿ ಮಳೆಯಾಗಬಹುದು, ನಿಜ. ಆದರೆ ಅದಕ್ಕೆ ಮೊದಲು ನೀರು ಹೊತ್ತ ಮೋಡ ಬೇಕು. ಮೋಡವಿರುವ ದಿನ ಉದ್ಘಾಟನೆ ಇಟ್ಟುಕೊಂಡರೆ ಶಾಮಿಯಾನ ನೆನೆಯುತ್ತದೆಂದು ಇಲಾಖೆ ಬಿಸಿಲಿನ ದಿನವನ್ನೇ ಗೊತ್ತುಮಾಡುತ್ತದೆ. ವಿಮಾನ ಹಾರಿತು, ಬಿಲ್ಲು ಮಂಜೂರಾಯಿತು.

ಮೊನ್ನೆ ಈ ಕಾಯ್ದೆಯಡಿ ಒಬ್ಬ ಮುದುಕಿಯನ್ನು ಹಿಡಿದರು. ಆಕೆ ಬಟ್ಟೆ ಒಣಹಾಕಿದಾಗಲೆಲ್ಲ ಮಳೆ ಬರುತ್ತದೆಂದು ನೆರೆಯವರ ದೂರು. ಮಳೆ ಬಂದದ್ದು ಮಂತ್ರದಿಂದಲೇ ಎಂದು ಸರ್ಕಾರಿ ವಕೀಲರು ಸಾಧಿಸಬೇಕಿತ್ತು, ಆದರೆ ಮಂತ್ರವೇ ಇಲ್ಲವೆಂದು ಪ್ರಸ್ತಾವನೆ ಹೇಳುತ್ತದೆ. ಅವರು ನೀರು ಕುಡಿದು ಕುಳಿತರು. ಕೊನೆಗೆ ನ್ಯಾಯಾಧೀಶರು ಬೇಸತ್ತು, "ಅಜ್ಜಿ, ಇಲ್ಲೇ ಒಂದು ಪಂಚೆ ಒಣಹಾಕಿ ತೋರಿಸಿ" ಎಂದರು.

"ತೋರಿಸಿದರೆ ಇನ್ನೊಂದು ಕೇಸು ಹಾಕುತ್ತೀರಿ. ಮೊದಲು ಅನುಮತಿ ಕೊಡಿಸಿ ಸ್ವಾಮಿ" ಎಂದಳು ಅಜ್ಜಿ.

ಕಡತ ಮಳೆ ಇಲಾಖೆಗೆ ಹೋಯಿತು. ಆ ವರ್ಷ ಬರಗಾಲ ಬೇರೆ. ಅನುಮತಿ ಬೇಗನೆ ಬಂತು, ಮೂರು ಷರತ್ತುಗಳೊಂದಿಗೆ. ಹದವಾಗಿ ಮಳೆ ಬಂದರೆ ಕೀರ್ತಿ ಇಲಾಖೆಯದು. ಪ್ರವಾಹ ಬಂದರೆ ಹೊಣೆ ಅಜ್ಜಿಯದು. ಏನೂ ಬಾರದಿದ್ದರೆ ಅದು ದೇವರ ಇಚ್ಛೆ. ಸಂಬಂಧಪಟ್ಟವರೆಲ್ಲ ಸಹಿ ಹಾಕಿದ ಮೇಲಷ್ಟೇ ಪಂಚೆಯನ್ನು ಹಗ್ಗಕ್ಕೆ ಹಾಕತಕ್ಕದ್ದು. ಇಲಾಖೆಯ ಸಹಿ ಆಗಿದೆ, ಅಜ್ಜಿ ಹೆಬ್ಬೆಟ್ಟು ಒತ್ತಿದ್ದಾಳೆ, ಮೂರನೆಯವರಿಗೆ ನೋಟಿಸು ಹೋಗಿದೆ.