ಒಣಗಿತಾ?

ನಮ್ಮ ಮನೆಯಲ್ಲಿ ಎಲ್ಲದಕ್ಕೂ ಒಂದೇ ಪ್ರಶ್ನೆ. ಒಣಗಿತಾ? ಬಟ್ಟೆ ಒಣಗಿತಾ, ತಲೆ ಒಣಗಿತಾ, ಒರೆಸಿದ ನೆಲ ಒಣಗಿತಾ, ಮಹಡಿ ಮೇಲಿನ ಸಂಡಿಗೆ ಒಣಗಿತಾ. ಹಾಗಾಗಿ 2024ರ ಏಪ್ರಿಲ್‌ನ ಒಂದು ರಾತ್ರಿ ನಾನು ಹತ್ತು ಬೆರಳೂ ಅಗಲಿಸಿಕೊಂಡು ಊಟದ ಟೇಬಲ್ ಮುಂದೆ ಕೂತಿದ್ದಾಗ, ಮನೆಯವರು ಸರದಿಯ ಮೇಲೆ ಬಂದು ಅದನ್ನೇ ಕೇಳಿದ್ದರಲ್ಲಿ ಆಶ್ಚರ್ಯವೇನೂ ಇರಲಿಲ್ಲ. ನಾನೂ ಅದನ್ನೇ ಕೇಳಿಕೊಳ್ಳುತ್ತಿದ್ದೆ. ಪ್ರಶ್ನೆಯೇ ತಪ್ಪು ಅಂತ ಗೊತ್ತಾಗುವ ಹೊತ್ತಿಗೆ ರಾತ್ರಿ ಹನ್ನೊಂದೂವರೆಯಾಗಿತ್ತು.

ಮಾರನೇ ದಿನ ಅಣ್ಣನ ಮಗಳ ನಿಶ್ಚಿತಾರ್ಥ. ನಂಜನಗೂಡಿನ ಛತ್ರದಲ್ಲಿ. ಮೈಸೂರಿಂದ ಬೆಳಿಗ್ಗೆ ಏಳಕ್ಕೆಲ್ಲ ಹೊರಡಬೇಕು. ಸೀರೆ, ಬಳೆ, ಹೂವು ಎಲ್ಲ ತಯಾರು. ಆಗ ಕಣ್ಣಿಗೆ ಬಿತ್ತು ಮಗಳ ಕಪಾಟಿನಲ್ಲಿದ್ದ ಡಬ್ಬಿ. ಜೆಲ್ ನೇಲ್ ಪಾಲಿಶ್ ಕಿಟ್. ಒಂದು ಬೇಸ್ ಕೋಟ್, ಒಂದು ಟಾಪ್ ಕೋಟ್, ಆರು ಬಣ್ಣ, ಜೊತೆಗೆ ಆಮೆಯ ಚಿಪ್ಪಿನ ಹಾಗಿರುವ ಪುಟ್ಟ ಬಿಳಿ ಲ್ಯಾಂಪು. ಆನ್‌ಲೈನಿನಲ್ಲಿ ತರಿಸಿ, ಎರಡು ಸಲ ಹಚ್ಚಿಕೊಂಡು, ಹಾಸ್ಟೆಲ್ಲಿಗೆ ವಾಪಸ್ಸು ಹೋಗಿದ್ದಳು. ಪಾರ್ಲರಿಗೆ ಹೋಗಿದ್ದರೆ ಒಂದು ಗಂಟೆಯ ಕೆಲಸ. ಆದರೆ ದುಡ್ಡು ಕೊಟ್ಟು ತಂದ ಸಾಮಾನು ಸುಮ್ನೆ ಕೂತಿರುವುದನ್ನು ನೋಡಿದರೆ ನನಗೆ ನಿದ್ದೆ ಬರುವುದಿಲ್ಲ. ಅವತ್ತು ಬೇರೆ ಕಾರಣಕ್ಕೂ ಬರಲಿಲ್ಲ.

ಸೀರೆಯ ಅಂಚು ಮರೂನ್. ಅದಕ್ಕೆ ಹೊಂದುವ ಬಾಟಲಿ ತೆಗೆದೆ. ಬೀಟ್‌ರೂಟ್ ಸಾರಿನ ಬಣ್ಣ. ಕಾಲೇಜು ದಿನಗಳ ಅಭ್ಯಾಸದಂತೆ ಬ್ರಷ್ಷಿನ ತುಂಬ ಅದ್ದಿ, ಉಗುರು ಮುಚ್ಚುವ ಹಾಗೆ ಧಾರಾಳವಾಗಿ ಬಳಿದೆ. ಲ್ಯಾಂಪಿನೊಳಗೆ ಕೈ ಇಟ್ಟೆ. ನೇರಳೆ ಬೆಳಕು ಹೊತ್ತಿತು. 60 ಸೆಕೆಂಡ್. ಕೈ ಹೊರಗೆ ತೆಗೆದರೆ ಉಗುರಿನ ಮೇಲೆ ಕೆನೆ ಕಟ್ಟಿದೆ! ಕಾಯಿಸಿ ಆರಿಸಿದ ಹಾಲಿನ ಮೇಲೆ ಇರುತ್ತದಲ್ಲ, ಸಣ್ಣ ಸಣ್ಣ ಸುಕ್ಕಿನ ಕೆನೆ, ಥೇಟ್ ಹಾಗೆ. ಮುಟ್ಟಿದೆ. ಮೇಲಿನ ಪೊರೆ ಜಾರಿತು, ಅಡಿಯಿಂದ ಮರೂನ್ ಸಾರು ಹೊರಗೆ ಬಂತು.

"ಒಣಗಿಲ್ವಾ? ಫ್ಯಾನ್ ಹಾಕ್ತೀನಿ ತಾಳು," ಎಂದು ಇವರು ಐದಕ್ಕೆ ತಿರುಗಿಸಿದರು. ಅತ್ತೆ ಒಳಗಿಂದಲೇ, "ತಣ್ಣೀರಲ್ಲಿ ಅದ್ದೇ, ಬೇಗ ಒಣಗುತ್ತೆ," ಎಂದರು. ಫ್ಯಾನಿನ ಸಲಹೆ ಒಳ್ಳೆಯದೇ. ಮಾಮೂಲಿ ನೇಲ್ ಪಾಲಿಶ್ ಆಗಿದ್ದರೆ. ಅದರಲ್ಲಿ ಗಟ್ಟಿ ಪದಾರ್ಥವನ್ನು ಈಥೈಲ್ ಅಸಿಟೇಟ್ ಥರದ ದ್ರಾವಕದಲ್ಲಿ ಕರಗಿಸಿರುತ್ತಾರೆ. ಆ ದ್ರಾವಕ ಗಾಳಿಗೆ ಹಾರಿಹೋದರೆ ಬಣ್ಣ ಉಗುರಿನ ಮೇಲೆ ಉಳಿಯುತ್ತದೆ. ರೂಮಿನ ತುಂಬ ಹರಡುವ ಆ ಘಾಟು ವಾಸನೆಯೇ ಒಣಗುತ್ತಿರುವುದರ ಗುರುತು. ಜೆಲ್ಲಿನಲ್ಲಿ ಹಾಗೆ ಹಾರಿಹೋಗಬೇಕಾದದ್ದು ಏನೂ ಇಲ್ಲ. ಕತ್ತಲೆ ಕೋಣೆಯಲ್ಲಿ ಫ್ಯಾನಿನ ಕೆಳಗೆ ವಾರಗಟ್ಟಲೆ ಕೂತರೂ ಅದು ಹಸಿಹಸಿಯಾಗಿಯೇ ಇರುತ್ತದೆ.

ಇದು ನನಗೆ ಆಗ ಗೊತ್ತಿರಲಿಲ್ಲ. ಮಗಳಿಗೆ ವಿಡಿಯೋ ಕಾಲ್ ಮಾಡಿದೆ. ಮೊದಲು ನಕ್ಕಳು. ಆಮೇಲೆ, "ಅಮ್ಮಾ, ಅದು ಒಣಗೋದಲ್ಲಮ್ಮ, ಕ್ಯೂರ್ ಆಗೋದು," ಎಂದಳು.

ಅತ್ತೆ ಅಷ್ಟು ಹೊತ್ತಿಗೆ ಹೊರಗೆ ಬಂದು ಕುರ್ಚಿ ಎಳೆದುಕೊಂಡಿದ್ದರು. "ಕ್ಯೂರಾ? ಉಗುರಿಗೆ ಏನು ಕಾಯಿಲೆ ಬಂತು?"

ಮಗಳಿಗೆ ಪಾಠ ಹೇಳುವ ಚಪಲ ಇದೆ, ನನ್ನಿಂದಲೇ ಬಂದಿರಬೇಕು. ಜೆಲ್ಲಿನಲ್ಲಿ ಪುಟ್ಟ ಪುಟ್ಟ ಅಣುಗಳು ಬಿಡಿಬಿಡಿಯಾಗಿ ಓಡಾಡಿಕೊಂಡು ಇರುತ್ತವಂತೆ. ಅವುಗಳ ಜೊತೆಗೆ ಫೋಟೋ ಇನಿಶಿಯೇಟರ್ ಅಂತ ಒಂದು ಚೂರು ಬೆರೆಸಿರುತ್ತಾರೆ. ಅದಕ್ಕೆ ಸರಿಯಾದ ಬೆಳಕು ಬಿದ್ದರೆ ಎಚ್ಚರವಾಗಿ ಅಣುಗಳನ್ನು ಒಂದಕ್ಕೊಂದು ಗಂಟು ಹಾಕುತ್ತಾ ಹೋಗುತ್ತದೆ. ನೀರಿನಂತಿದ್ದದ್ದು ಬಲೆಯಂತೆ ಹೆಣೆದುಕೊಂಡು ಗಟ್ಟಿಯಾಗುತ್ತದೆ. ಅತ್ತೆ ತಲೆ ಓರೆ ಮಾಡಿ ಪೂರ್ತಿ ಕೇಳಿಸಿಕೊಂಡರು. "ಹಂಗಂದ್ರೆ ಹೆಪ್ಪು ಹಾಕಿದ ಹಾಗೆ ಅನ್ನು. ಹಾಲು ಒಣಗಿ ಮೊಸರಾಗುತ್ತಾ?"

ಆಮೇಲೆ ಈ ವಿಷಯದ ಬಗ್ಗೆ ನಾನು ಸಾಕಷ್ಟು ಓದಿದೆ. ಇಷ್ಟು ಸರಿಯಾದ ಮಾತು ಎಲ್ಲೂ ಸಿಗಲಿಲ್ಲ. ಬಾಟಲಿಯೊಳಗೇ ಹೆಪ್ಪು ಹಾಕಿಟ್ಟಿದ್ದಾರೆ, ಅದು ಮಲಗಿದೆ, ಬೆಳಕು ಬಂದರೆ ಏಳುತ್ತದೆ. ಈ ಜೆಲ್ ಬಾಟಲಿಗಳು ಒಳಗೆ ಏನಿದೆ ಅಂತ ಕಾಣದ ಹಾಗೆ ಇರುವುದೂ ಅದಕ್ಕೇ. ಬಿಸಿಲಿನಲ್ಲೂ ಅದೇ ಅತಿನೇರಳೆ ಕಿರಣ ಇದೆಯಲ್ವಾ? ಮುಚ್ಚಳ ತೆಗೆದು ಕಿಟಕಿ ಹತ್ತಿರ ಇಟ್ಟರೆ ಬಾಟಲಿಯ ಬಾಯಲ್ಲೇ ಹೆಪ್ಪುಗಟ್ಟಿ, ಬ್ರಷ್ಷು ಕಸಬರಿಕೆಯಾಗುತ್ತದೆ. ನಮ್ಮ ಗುಲಾಬಿ ಬಣ್ಣದ ಬಾಟಲಿಗೆ ಆಗಲೇ ಆ ಗತಿಯಾಗಿತ್ತು.

ಹೆಪ್ಪಿಗೂ ಒಂದು ಹಟ ಉಂಟು. ಯಾವ ಬೆಳಕಾದರೂ ಆಗುವುದಿಲ್ಲ. ಈಗಿನ ಲ್ಯಾಂಪುಗಳಲ್ಲಿ ಹೆಚ್ಚಾಗಿ 365 ಮತ್ತು 405 ನ್ಯಾನೋಮೀಟರ್ ಅಲೆಯುದ್ದದ ಬೆಳಕು ಕೊಡುವ ಎಲ್‌ಇಡಿ ಹಾಕಿರುತ್ತಾರೆ. ನಮ್ಮ ಕಣ್ಣಿಗೆ ಕಾಣುವ ನೇರಳೆ ಎರಡನೆಯದು, ಮೊದಲನೆಯದು ಕಾಣುವುದೇ ಇಲ್ಲ. ಬಾಟಲಿಯ ಹೆಪ್ಪು ಕೇಳುವ ಬೆಳಕು ನಿಮ್ಮ ಲ್ಯಾಂಪಿನಲ್ಲಿ ಇಲ್ಲದಿದ್ದರೆ, ಅದು ಎಷ್ಟೇ ಚೆಂದವಾಗಿ ಹೊಳೆದರೂ ಕೆಲಸ ಅರೆಬರೆ. ಒಂದು ಕಂಪನಿಯ ಜೆಲ್ಲಿಗೆ ಇನ್ನೊಂದರ ಲ್ಯಾಂಪು ಬೇಡ ಅಂತ ತಿಳಿದವರು ಹೇಳುವುದನ್ನು ನಾನು ಮೊದಲು ವ್ಯಾಪಾರದ ತಂತ್ರ ಅಂದುಕೊಂಡಿದ್ದೆ. ಪೂರ್ತಿ ಹಾಗಲ್ಲ.

ನಮ್ಮದು ಒಂದೇ ಡಬ್ಬಿಯ ಜೆಲ್ಲು, ಅದೇ ಡಬ್ಬಿಯ ಲ್ಯಾಂಪು. ಮತ್ತೆ ಯಾಕೆ ಸಾರಾಯಿತು? ಅತ್ತೆ ಉಗುರನ್ನು ದೀಪಕ್ಕೆ ಹಿಡಿದು ನೋಡಿ ತೀರ್ಪು ಕೊಟ್ಟರು: "ದಪ್ಪ ಬಳಿದಿದ್ದೀಯ. ಸಂಡಿಗೆ ದಪ್ಪ ಇಟ್ರೆ ಮೇಲೆ ಗರಿಗರಿ, ಒಳಗೆ ಹಸಿ ಉಳಿಯಲ್ವಾ? ತೆಳ್ಳಗೆ ಹಚ್ಚು."

ಕಾರಣ ತಪ್ಪು, ಔಷಧ ಸರಿ. ಇಲ್ಲಿ ಒಳಗೆ ಉಳಿದದ್ದು ನೀರಲ್ಲ, ಕತ್ತಲೆ. ಬಣ್ಣದ ಪುಡಿ ಬೆಳಕನ್ನು ದಾರಿಯಲ್ಲೇ ನುಂಗಿಬಿಡುತ್ತದೆ. ಕಪ್ಪು, ಮರೂನ್, ಗಾಢ ನೀಲಿ ತೀರಾ ಹೊಟ್ಟೆಬಾಕರು. ಬಿಳಿ ಬಣ್ಣವೂ ಕಮ್ಮಿಯೇನಲ್ಲ, ಅದು ಬೆಳಕನ್ನು ಚದುರಿಸಿ ವಾಪಸ್ಸು ಕಳಿಸುತ್ತದೆ. ಮೇಲಿನ ಪದರ ಗಟ್ಟಿಯಾಗಿ ಕುಗ್ಗಿಕೊಳ್ಳುತ್ತದೆ, ಅಡಿಯದು ಇನ್ನೂ ದ್ರವವಾಗಿರುತ್ತದೆ, ಸುಕ್ಕು ಬರದೆ ಏನಾಗುತ್ತದೆ? ಹೋದ ವರ್ಷ ದವಡೆ ಹಲ್ಲಿಗೆ ಬಿಳಿ ಸಿಮೆಂಟು ತುಂಬಿಸಿಕೊಂಡಾಗ ಡಾಕ್ಟರು ಸ್ವಲ್ಪ ತುಂಬಿ, ನೀಲಿ ಬೆಳಕು ಹಿಡಿದು, ಮತ್ತೆ ಸ್ವಲ್ಪ ತುಂಬಿ, ಮತ್ತೆ ಬೆಳಕು ಹಿಡಿದು, ಅರ್ಧ ಗಂಟೆ ಬಾಯಿ ತೆರೆಸಿದ್ದರು. ಒಂದೇ ಸಲ ತುಂಬಿ ಮುಗಿಸಬಾರದಾ ಅಂತ ಬಾಯಿ ತುಂಬ ಹತ್ತಿ ಇಟ್ಟುಕೊಂಡೇ ಬೈದುಕೊಂಡಿದ್ದೆ. ಅದೂ ಇದೇ ಜಾತಿಯ ಪದಾರ್ಥ. ಸಾಮಾನ್ಯವಾಗಿ 2 ಮಿಲಿಮೀಟರಿಗಿಂತ ದಪ್ಪ ತುಂಬಿದರೆ ಬೆಳಕು ಬುಡಕ್ಕೆ ಹೋಗುವುದಿಲ್ಲ. ಡಾಕ್ಟರಿಗೆ ಮನಸ್ಸಿನಲ್ಲೇ ಕ್ಷಮೆ ಕೇಳಿದೆ.

ಸರಿ, ಎಲ್ಲ ಒರೆಸಿದೆ. ಹೆಪ್ಪಾಗದ ಜೆಲ್ ಸ್ಪಿರಿಟ್ಟಿಗೆ ಬಂದುಬಿಡುತ್ತದೆ, ಅದೊಂದು ಪುಣ್ಯ. ಬಾಟಲಿಯನ್ನು ಅಂಗೈಗಳ ನಡುವೆ ಹೊರಳಿಸಿದೆ, ಅಡಿಯಲ್ಲಿ ಕೂತ ಬಣ್ಣ ಬೆರೆಯಲಿ ಅಂತ. ಈ ಸಲ ಅಡಿಯ ಉಗುರು ಕಾಣುವಷ್ಟು ತೆಳ್ಳಗೆ. ಮೊದಲ ಕೋಟು ನೋಡಲು ಗೆರೆಗೆರೆಯಾಗಿ, ಬಡ ಸುಣ್ಣದ ಗೋಡೆಯ ಹಾಗೆ ಕಾಣುತ್ತದೆ. ಇನ್ನೊಂದು ಚೂರು ಬಳಿಯೋಣ ಅಂತ ಕೈ ತುರಿಸುತ್ತದೆ. ಬಳಿಯಬಾರದು. ಲ್ಯಾಂಪಿನೊಳಗೆ ಇಟ್ಟೆ. ಈಗ ಸುಕ್ಕಿಲ್ಲ, ಆದರೆ ಮೆತ್ತಗೆ ಇದೆ. ಉಗುರಿನಿಂದ ಒತ್ತಿದರೆ ಗುರುತು ಬೀಳುತ್ತದೆ.

"ಯಾವ ಅಡಾಪ್ಟರ್‌ಗೆ ಹಾಕಿದೀಯಮ್ಮ?" ಎಂದಳು ಮಗಳು.

ಡ್ರಾಯರಿನಲ್ಲಿ ಇದ್ದದ್ದು. ಹಳೇ ಫೋನಿನದು. ಇವರು ಕನ್ನಡಕ ಹಾಕಿಕೊಂಡು ಅದರ ಮೇಲಿನ ಸಣ್ಣ ಅಕ್ಷರ ಓದಿದರು. 5 ವೋಲ್ಟ್, 1 ಆಂಪಿಯರ್. ಅಂದರೆ ಒಟ್ಟು 5 ವಾಟ್. ಲ್ಯಾಂಪಿನ ಡಬ್ಬಿಯ ಮೇಲೆ ದೊಡ್ಡದಾಗಿ 48 ವಾಟ್ ಅಂತ ಇತ್ತು. ಬಕೆಟ್ ದೊಡ್ಡದು ತಂದಿಟ್ಟರೆ ನಲ್ಲಿಯಲ್ಲಿ ನೀರು ಜಾಸ್ತಿ ಬರುತ್ತದಾ? ಮೂರು ವರ್ಷದಿಂದ ನನ್ನ ಪಕ್ಕದಲ್ಲೇ ಇವರ ಫೋನಿನ ಫಾಸ್ಟ್ ಚಾರ್ಜರ್ ನೇತಾಡುತ್ತಿತ್ತು. ಅದಕ್ಕೆ ಸಿಕ್ಕಿಸಿದೆ. ಬೆಳಕು ತಟ್ಟನೆ ಎಚ್ಚರಾಯಿತು. ಒಳಗೆ ನೋಡಿದರೆ ಒಂದು ಎಲ್‌ಇಡಿಯ ಮೇಲೆ ಮಗಳು ಹಿಂದೆ ಚೆಲ್ಲಿದ ಜೆಲ್ಲಿನ ಹನಿ ಗಟ್ಟಿಯಾಗಿ ಕೂತಿತ್ತು. ಅದನ್ನೂ ಕೆರೆದೆ.

ಎರಡನೇ ಕೋಟು ಲ್ಯಾಂಪಿನಲ್ಲಿದ್ದಾಗ ಕರೆಂಟು ಹೋಯಿತು. ಏಪ್ರಿಲ್ ಅಲ್ವಾ, ಎಲ್ಲೋ ಗಾಳಿ ಎದ್ದಿರಬೇಕು. ಯುಪಿಎಸ್ ಫ್ಯಾನು ಲೈಟಿಗೆ ಮಾತ್ರ. ಅರ್ಧ ಹೆಪ್ಪಾದ ಉಗುರು ಎಲ್ಲಿಗೂ ತಾಗದಂತೆ ಎತ್ತಿ ಹಿಡಿದು ಕೂತೆ. ಅದಕ್ಕೇನೂ ಭಯಪಡಬೇಕಾಗಿರಲಿಲ್ಲ, ಕರೆಂಟು ಬಂದ ಮೇಲೆ ಮತ್ತೆ 60 ಸೆಕೆಂಡ್ ಇಟ್ಟರೆ ಆಯಿತು. ಇಪ್ಪತ್ತು ನಿಮಿಷ ಅತ್ತೆ ಗೋರಂಟಿಯ ಕತೆ ಹೇಳಿದರು. ಆಷಾಢದಲ್ಲಿ ರುಬ್ಬಿ, ಬೆರಳ ತುದಿಗೆ ಟೊಪ್ಪಿಗೆಯ ಹಾಗೆ ಮೆತ್ತಿ, ಬಟ್ಟೆ ಸುತ್ತಿ ಮಲಗುತ್ತಿದ್ದದ್ದು. ರಾತ್ರಿ ಸೊಳ್ಳೆ ಕಚ್ಚಿದರೂ ಕೆರೆದುಕೊಳ್ಳುವ ಹಾಗಿಲ್ಲ.

ಕರೆಂಟು ಬಂತು. ಟಾಪ್ ಕೋಟೂ ಆಯಿತು. ಮುಟ್ಟಿ ನೋಡಿದೆ, ಇನ್ನೂ ಅಂಟು! ಮತ್ತೆ ಲ್ಯಾಂಪಿಗೆ ಇಟ್ಟೆ. ಮತ್ತೆ ಅಂಟು. ನಾಲ್ಕು ಸಲ ಇಟ್ಟಿರಬೇಕು. ಐದನೇ ಸಲಕ್ಕೆ ಅಳು ಬರುವ ಹಾಗಾಯಿತು. ಮಗಳು ಆಕಳಿಸುತ್ತಾ, "ಅದು ಹಾಗೇ ಇರುತ್ತಮ್ಮ, ಸ್ಪಿರಿಟ್‌ನಲ್ಲಿ ಒರೆಸು," ಎಂದಳು. ಒರೆಸಿದೆ. ಅಡಿಯಲ್ಲಿ ಗಾಜಿನಂಥ ಹೊಳಪು! ಗಾಳಿಯಲ್ಲಿರುವ ಆಮ್ಲಜನಕ ಮೇಲ್ಮೈಯ ಅಣುಗಳು ಕೈ ಹಿಡಿಯದಂತೆ ನಡುವೆ ನುಗ್ಗುತ್ತದೆ. ಹಾಗಾಗಿ ತೀರಾ ಮೇಲಿನ ಒಂದು ತೆಳು ಪೊರೆ ಸಾಮಾನ್ಯವಾಗಿ ಅಂಟಾಗಿಯೇ ಉಳಿಯುತ್ತದೆ. ಅದು ತಪ್ಪಲ್ಲ. ಬಣ್ಣದ ಕೋಟುಗಳ ನಡುವೆಯಂತೂ ಅದು ಬೇಕೇ ಬೇಕು, ಮುಂದಿನ ಕೋಟು ಅದನ್ನೇ ಹಿಡಿದುಕೊಳ್ಳುವುದು. ಒರೆಸದೆ ಬಳಸುವ ಟಾಪ್ ಕೋಟೂ ಬರುತ್ತದಂತೆ. ನಮ್ಮ ಡಬ್ಬಿಯಲ್ಲಿ ಇದ್ದದ್ದು ಅದಲ್ಲ.

ಒಂದು ವಿಷಯ ಮಾತ್ರ ತಮಾಷೆಯಲ್ಲ. ಮುಟ್ಟಿದರೆ ಗಟ್ಟಿ ಅನಿಸಿದ ಮಾತ್ರಕ್ಕೆ ಅಡಿಯವರೆಗೂ ಹೆಪ್ಪಾಗಿದೆ ಅಂತ ಅರ್ಥವಲ್ಲ. ಹಸಿ ಜೆಲ್ ಚರ್ಮಕ್ಕೆ ಪದೇ ಪದೇ ತಾಗಿದರೆ ಕೆಲವರಿಗೆ ಅಲರ್ಜಿ ಶುರುವಾಗುತ್ತದೆ. ಉಗುರಿನ ಸುತ್ತ ತುರಿಕೆ, ಸಿಪ್ಪೆ, ನೀರು ಗುಳ್ಳೆ. ಒಮ್ಮೆ ಬಂದರೆ ಸಾಮಾನ್ಯವಾಗಿ ಜೀವನಪೂರ್ತಿ ಇರುತ್ತದೆ. ಮುಂದೆ ಹಲ್ಲಿನ ಸಿಮೆಂಟಿಗೂ ಅದು ಅಡ್ಡ ಬರಬಹುದು. ಹೆಚ್‌ಇಎಮ್‌ಎ ಅನ್ನುವ ಪದಾರ್ಥ ಇರುವ ಉಗುರುಬಣ್ಣವನ್ನು ಯುರೋಪಿನಲ್ಲಿ ವೃತ್ತಿಯವರು ಮಾತ್ರ ಬಳಸಬೇಕು ಅಂತ ನಿಯಮವಿದೆ. ಟಿಪಿಒ ಅನ್ನುವ ಒಂದು ಹೆಪ್ಪನ್ನಂತೂ 2025ರ ಸೆಪ್ಟೆಂಬರ್ 1ರಿಂದ ಅಲ್ಲಿ ಸೌಂದರ್ಯ ಸಾಧನಗಳಲ್ಲಿ ಹಾಕುವಂತೆಯೇ ಇಲ್ಲ. ಉಗುರಿನ ಅಂಚಿಗೆ ಹರಿದದ್ದನ್ನು ಲ್ಯಾಂಪಿಗೆ ಇಡುವ ಮೊದಲೇ ಕಡ್ಡಿಯಲ್ಲಿ ತೆಗೆಯಬೇಕು. ನಾನು ಅವತ್ತು ಬೆರಳೆಲ್ಲ ಬಳಿದುಕೊಂಡು ಕೂತಿದ್ದೆನಲ್ಲ, ನೆನೆದರೆ ಈಗ ಕೈ ತುರಿಸಿದ ಹಾಗಾಗುತ್ತದೆ.

ಬೆಳಿಗ್ಗೆ ಛತ್ರದಲ್ಲಿ ಎಲ್ಲರೂ ಕೈ ಹಿಡಿದು ನೋಡಿದರು. ಅತ್ತಿಗೆ, "ಯಾವ ಪಾರ್ಲರ್?" ಅಂತ ಕೇಳಿದಳು. ಒಂಬತ್ತು ಉಗುರು ಕನ್ನಡಿ. ಬಲಗೈ ಹೆಬ್ಬೆರಳು ಮಾತ್ರ ಸೆರಗಿನೊಳಗೆ. ನಾಲ್ಕು ಬೆರಳು ಲ್ಯಾಂಪಿನೊಳಗೆ ಮಟ್ಟಸವಾಗಿ ಕೂರುತ್ತವೆ, ಹೆಬ್ಬೆರಳು ಓರೆಯಾಗಿ ಗೋಡೆ ನೋಡುತ್ತಿರುತ್ತದೆ. ಬೆಳಕು ಮೇಲಿಂದ ಬಂದರೆ ಅದಕ್ಕೆ ಸಿಗುವುದು ಅಂಚು ಮಾತ್ರ. ಹೆಬ್ಬೆರಳುಗಳನ್ನು ಬೇರೆಯಾಗಿ ಇಡಬೇಕು ಅಂತ ಮಗಳು ಹೇಳುವಷ್ಟರಲ್ಲಿ ನಿದ್ದೆ ಹೋಗಿದ್ದಳು. ಆ ಮೆತ್ತನೆ ಉಗುರಿನ ಮೇಲೆ ಹೊದಿಕೆಯ ನೇಯ್ಗೆ ಅಚ್ಚಾಗಿ ಮೂಡಿತ್ತು. ಅರಿಶಿನ ಕುಂಕುಮ ಕೊಡುವಾಗ ಅರಿಶಿನ ಅದರ ಮೇಲೆ ಕೂತು ಏಳಲೇ ಇಲ್ಲ.

ಅದಾಗಿ ಐದನೇ ದಿನ, ಏಪ್ರಿಲ್ 26, ಲೋಕಸಭೆಗೆ ಮತದಾನ. ಅತ್ತೆಯನ್ನು ಆಟೋದಲ್ಲಿ ಮತಗಟ್ಟೆಗೆ ಕರೆದುಕೊಂಡು ಹೋದೆ. ಮಸಿ ಹಚ್ಚುವ ಹುಡುಗಿ ನನ್ನ ಮರೂನ್ ತೋರುಬೆರಳನ್ನು ಒಂದು ಕ್ಷಣ ನೋಡಿ ನಕ್ಕು, ಉಗುರಿನಿಂದ ಚರ್ಮದವರೆಗೆ ಗೆರೆ ಎಳೆದಳು. ಆ ಮಸಿ ನಮ್ಮೂರಿನದೇ. 1937ರಲ್ಲಿ ನಾಲ್ವಡಿಯವರ ಕಾಲದಲ್ಲಿ ಶುರುವಾದ ಕಾರ್ಖಾನೆ, ಈಗಿನ ಮೈಸೂರು ಪೇಂಟ್ಸ್ ಅಂಡ್ ವಾರ್ನಿಷ್, 1962ರ ಚುನಾವಣೆಯಿಂದ ಅದನ್ನು ಮಾಡಿಕೊಡುತ್ತಿದೆ. ಅದರಲ್ಲಿರುವುದು ಸಿಲ್ವರ್ ನೈಟ್ರೇಟ್. ಚರ್ಮದ ಉಪ್ಪಿಗೆ ಸೇರಿ, ಬೆಳಕು ಬಿದ್ದ ಹಾಗೆ ಕಪ್ಪಾಗುತ್ತದೆ. ಅಂಗಳ ದಾಟುವಾಗ ಅತ್ತೆಗೆ ಇದನ್ನು ಹೇಳಿದೆ. ಅವರು ಬಿಸಿಲಿನಲ್ಲಿ ಬೆರಳು ಎತ್ತಿ ಹಿಡಿದು ನಿಂತುಬಿಟ್ಟರು. "ನೋಡು, ಲ್ಯಾಂಪೂ ಬೇಡ, ಅಡಾಪ್ಟರೂ ಬೇಡ," ಎಂದರು.

ಆಟೋದವನು ಹಿಂತಿರುಗಿ ನೋಡಿದ. "ಸೀಟಿಗೆ ತಾಗಿಸ್ಬೇಡಿ ಅಜ್ಜಿ. ಒಣಗಿದೆಯಾ?"

"ಒಣಗೋದಲ್ಲಪ್ಪಾ ಅದು," ಎಂದು ಅತ್ತೆ ಶುರು ಮಾಡಿದರು. ಮನೆ ಇನ್ನೂ ಎರಡು ಕಿಲೋಮೀಟರ್ ಇತ್ತು.