ಪೀಟರ್ ಗ್ರೀನ್‌ಗೆ ದುಡ್ಡು ಬೇಡವಾಗಿತ್ತು

‘ಬ್ಲ್ಯಾಕ್ ಮ್ಯಾಜಿಕ್ ವುಮನ್’ ಯಾರ ಹಾಡು ಅಂತ ಕೇಳಿ ನೋಡಿ. ಹೆಚ್ಚಿನವರು ಸಂತಾನಾ ಅಂತಾರೆ. ಅದೇನೂ ದೊಡ್ಡ ತಪ್ಪಲ್ಲ ಬಿಡಿ. 1970ರಲ್ಲಿ ಅದನ್ನು ಊರೂರಿಗೆ ಮುಟ್ಟಿಸಿದವನು ಗಿಟಾರಿಸ್ಟ್ ಕಾರ್ಲೋಸ್ ಸಂತಾನಾನೇ. ಬೆಂಗಳೂರಿನ ಪಬ್‌ಗಳಲ್ಲಿ ಬ್ಯಾಂಡ್‌ನವರು ನುಡಿಸೋದೂ ಅವನ ಧಾಟಿಯಲ್ಲೇ. ಆದರೆ ಆ ಹಾಡು ಬರೆದವನು, ಎರಡು ವರ್ಷ ಮೊದಲೇ ಅದನ್ನು ಹಾಡಿ ರೆಕಾರ್ಡ್ ಮಾಡಿದವನು ಲಂಡನ್ನಿನ ಈಸ್ಟ್ ಎಂಡ್ ಹುಡುಗ, ಪೀಟರ್ ಗ್ರೀನ್. ಆಗ ಅವನಿಗೆ 21 ವರ್ಷ.

ನನಗೆ ತುಂಬಾ ಇಷ್ಟದ ಗಿಟಾರಿಸ್ಟ್. ಆದರೆ ಅವನ ಕಥೆಯನ್ನು ಜನ ಹೇಳುವ ರೀತಿ ಮಾತ್ರ ಸ್ವಲ್ಪವೂ ಇಷ್ಟವಿಲ್ಲ. ಎಲ್ಲರದ್ದೂ ಒಂದೇ ವರಸೆ. ಎಂಥಾ ಪ್ರತಿಭೆ, ಎಲ್‌ಎಸ್‌ಡಿ ಅನ್ನೋ ಮಾದಕ ವಸ್ತು ತಗೊಂಡ, ದುಡ್ಡೆಲ್ಲ ದಾನ ಮಾಡ್ತೀನಿ ಅಂದ, ತಲೆ ಕೆಟ್ಟಿತು, ಬ್ಯಾಂಡ್ ಬಿಟ್ಟ, ಗುಂಡಿ ತೋಡುವ ಕೆಲಸಕ್ಕೆ ಹೋದ, ಪಾಪ. ಈ ಸಾಲಿನಲ್ಲಿ ‘ದಾನ ಮಾಡ್ತೀನಿ ಅಂದ’ ಅನ್ನೋದು ಯಾಕಿದೆ? ಅದೂ ಒಂದು ಕಾಯಿಲೆಯ ಲಕ್ಷಣವಾ?

ಅವನ ಹುಟ್ಟುಹೆಸರು ಪೀಟರ್ ಅಲೆನ್ ಗ್ರೀನ್‌ಬಾಮ್. 1946ರ ಅಕ್ಟೋಬರ್ 29ರಂದು ಬೆತ್ನಲ್ ಗ್ರೀನ್‌ನಲ್ಲಿ ಒಂದು ಯಹೂದಿ ಮನೆಯಲ್ಲಿ ಹುಟ್ಟಿದ. ದುಡಿದು ತಿನ್ನುವ ಮನೆತನ. ಅಣ್ಣನಿಂದ ಗಿಟಾರ್‌ನ ಮೊದಲ ಪಾಠ. ಶಾಲೆ ಬಿಟ್ಟ ಮೇಲೆ ಮಾಂಸದಂಗಡಿಯಲ್ಲಿ ಕೆಲಸ ಕಲಿಯುತ್ತಾ, ಸಂಜೆ ಹೊತ್ತು ಸಣ್ಣಪುಟ್ಟ ಬ್ಯಾಂಡ್‌ಗಳಲ್ಲಿ ಬೇಸ್ ನುಡಿಸುತ್ತಿದ್ದ.

1966ರಲ್ಲಿ ಗಿಟಾರಿಸ್ಟ್ ಎರಿಕ್ ಕ್ಲಾಪ್ಟನ್ ಜಾನ್ ಮೆಯಾಲ್‌ನ ಬ್ಲೂಸ್‌ಬ್ರೇಕರ್ಸ್ ಬ್ಯಾಂಡ್ ಬಿಟ್ಟು ಹೊರಟ. ಆಗ ಲಂಡನ್ನಿನ ಗೋಡೆಗಳ ಮೇಲೆ ‘ಕ್ಲಾಪ್ಟನ್ನೇ ದೇವರು’ ಅಂತ ಹುಡುಗರು ಗೀಚುತ್ತಿದ್ದ ಕಾಲ. ಆ ಜಾಗಕ್ಕೆ ಬಂದವನು ಇನ್ನೂ ಇಪ್ಪತ್ತು ತುಂಬದ ಪೀಟರ್. ಸ್ಟುಡಿಯೋದಲ್ಲಿ ಪ್ರೊಡ್ಯೂಸರ್ ಮೈಕ್ ವೆರ್ನನ್, ‘ಎರಿಕ್ ಎಲ್ಲಿ?’ ಅಂತ ಕೇಳಿದನಂತೆ. ಅವನಿಗಿಂತ ಚೆನ್ನಾಗಿ ನುಡಿಸುವವನು ಸಿಕ್ಕಿದ್ದಾನೆ, ಈಗಲೇ ಅಲ್ಲದಿದ್ದರೂ ಒಂದೆರಡು ವರ್ಷದಲ್ಲಿ ನೀನೇ ನೋಡ್ತೀಯ ಅಂದನಂತೆ ಮೆಯಾಲ್. 1967ರ ‘ಎ ಹಾರ್ಡ್ ರೋಡ್’ ಆಲ್ಬಂನಲ್ಲಿ ‘ದ ಸೂಪರ್‌ನ್ಯಾಚುರಲ್’ ಅಂತ ಒಂದು ಟ್ರ್ಯಾಕ್ ಇದೆ, ಮಾತಿಲ್ಲದ್ದು. ಅದರಲ್ಲಿ ಪೀಟರ್ ಒಂದು ಸ್ವರ ಹಿಡಿದು ಬಿಡುವುದೇ ಇಲ್ಲ. ಅದು ಮುಗಿಯಿತು ಅನ್ನುವಷ್ಟರಲ್ಲಿ ಆಂಪ್ಲಿಫೈಯರ್‌ನ ಫೀಡ್‌ಬ್ಯಾಕ್ ಹಿಡಿದುಕೊಂಡು ಮತ್ತೆ ಮೇಲೇಳುತ್ತದೆ. ಕೈಚಳಕ ತೋರಿಸುವ ವಯಸ್ಸಿನಲ್ಲಿ ಒಂದೇ ಸ್ವರದ ಮೇಲೆ ಅಷ್ಟು ಹೊತ್ತು ಕೂರುವುದಕ್ಕೆ ಬೇರೆಯದೇ ಧೈರ್ಯ ಬೇಕು.

ಅವನ ಗಿಟಾರ್ ಬಗ್ಗೆ ಹೇಳಲೇಬೇಕು. 1959ರ ಗಿಬ್ಸನ್ ಲೆಸ್ ಪಾಲ್. ಈ ಗಿಟಾರ್‌ಗೆ ಎರಡು ಪಿಕಪ್, ಅಂದರೆ ತಂತಿಯ ಕಂಪನವನ್ನು ಹಿಡಿಯುವ ಅಯಸ್ಕಾಂತದ ತುಂಡುಗಳು. ಪೀಟರ್‌ನ ಗಿಟಾರ್‌ನಲ್ಲಿ ಕುತ್ತಿಗೆ ಕಡೆಯ ಪಿಕಪ್‌ನ ಅಯಸ್ಕಾಂತ ತಿರುವುಮುರುವಾಗಿತ್ತು. ಸ್ವಿಚ್ಚನ್ನು ನಡುವೆ ಇಟ್ಟು ಎರಡನ್ನೂ ಒಟ್ಟಿಗೆ ಕೇಳಿಸಿದರೆ ಒಂದರ ದನಿಯನ್ನು ಇನ್ನೊಂದು ಅರ್ಧ ನುಂಗಿಹಾಕುತ್ತದೆ. ಕೆಳಗಿನ ಗಡಸು ದನಿ ಹೋಗಿ, ನೆಗಡಿಯಾದವರು ಮಾತಾಡಿದ ಹಾಗೆ ತೆಳ್ಳಗೆ, ಮೂಗಿನಿಂದ ಬಂದಂತೆ ಕೇಳಿಸುತ್ತದೆ. ಬೇರೆ ಯಾರಾದರೂ ಆಗಿದ್ದರೆ ರಿಪೇರಿಗೆ ಕೊಡುತ್ತಿದ್ದರು. ಇವನು ಅದರಲ್ಲೇ ಬ್ಲೂಸ್ ಅಳುವಂತೆ ಮಾಡಿದ. ಬ್ಲೂಸ್‌ನ ದೊಡ್ಡ ಗಿಟಾರಿಸ್ಟ್ ಬಿ.ಬಿ. ಕಿಂಗ್ ಅಂಥವರೇ ಇಷ್ಟು ಸಿಹಿಯಾದ ದನಿ ನಾನು ಕೇಳಿಲ್ಲ, ನನಗೆ ಬೆವರಿಳಿಸಿದವನು ಇವನೊಬ್ಬನೇ ಅಂದಿದ್ದರು. ಹಾಗಂತ ಎಲ್ಲ ಗುಟ್ಟೂ ಆ ಅಯಸ್ಕಾಂತದಲ್ಲೇ ಇದೆ ಅಂದುಕೊಂಡು ತಮ್ಮ ಗಿಟಾರ್ ಬಿಚ್ಚಿ ಕೂರುವವರು ಇವತ್ತಿಗೂ ಇದ್ದಾರೆ. ಬಿಚ್ಚಲಿ, ನನಗೇನು.

1967ರಲ್ಲಿ ಸ್ವಂತ ಬ್ಯಾಂಡ್. ನನ್ನ ವಾದ ಶುರುವಾಗುವುದು ಇಲ್ಲಿಂದ. ಹಾಡುವವನು ಇವನು, ಬರೆಯುವವನು ಇವನು, ಜನ ಬರುತ್ತಿದ್ದದ್ದು ಇವನನ್ನು ನೋಡಲು. ಆದರೆ ಬ್ಯಾಂಡ್‌ಗೆ ಹೆಸರಿಟ್ಟದ್ದು ಡ್ರಮ್ಮರ್ ಮಿಕ್ ಫ್ಲೀಟ್‌ವುಡ್ ಮತ್ತು ಬೇಸ್ ನುಡಿಸುವ ಜಾನ್ ಮೆಕ್‌ವೀ ಇಬ್ಬರದ್ದು: ಫ್ಲೀಟ್‌ವುಡ್ ಮ್ಯಾಕ್. ತಮಾಷೆ ಅಂದರೆ ಆ ಆಗಸ್ಟ್‌ನಲ್ಲಿ ವಿಂಡ್ಸರ್‌ನ ಮೊದಲ ಕಾರ್ಯಕ್ರಮದ ಹೊತ್ತಿಗೆ ಮೆಕ್‌ವೀ ಬ್ಯಾಂಡ್‌ಗೆ ಸೇರಿಯೇ ಇರಲಿಲ್ಲ. ಹೆಸರು ಮಾತ್ರ ಆಗಲೇ ಬೋರ್ಡ್ ಮೇಲಿತ್ತು. ನಾನು ಮುಂದೊಂದು ದಿನ ಹೋದರೂ ಇವರು ನಡೆಸಿಕೊಂಡು ಹೋಗಲಿ ಅನ್ನೋದು ಪೀಟರ್‌ನ ಲೆಕ್ಕ. ಇನ್ನೂ ಇಪ್ಪತ್ತರ ಹುಡುಗ, ಸ್ವಾಮಿ. ಆಗಿನ್ನೂ ಕಾಯಿಲೆಯ ಸುಳಿವಿರಲಿಲ್ಲ.

ಮುಂದೆಯೂ ಅಷ್ಟೇ. ಪಕ್ಕದಲ್ಲಿ ಸ್ಲೈಡ್ ಗಿಟಾರ್‌ನ ಜೆರೆಮಿ ಸ್ಪೆನ್ಸರ್‌ನನ್ನು ನಿಲ್ಲಿಸಿಕೊಂಡು ಅವನಿಗೆ ಹಾಡು ಬಿಟ್ಟುಕೊಟ್ಟ. ಸಾಲದು ಅಂತ 1968ರಲ್ಲಿ 18ರ ಹರೆಯದ ಡ್ಯಾನಿ ಕರ್ವನ್‌ನನ್ನು ಮೂರನೇ ಗಿಟಾರಿಸ್ಟ್ ಆಗಿ ಕರೆತಂದ. 1969ರ ‘ದೆನ್ ಪ್ಲೇ ಆನ್’ ಆಲ್ಬಂನಲ್ಲಿ ಸುಮಾರು ಅರ್ಧ ಹಾಡುಗಳು ಡ್ಯಾನಿಯವೇ. ತನ್ನ ಬ್ಯಾಂಡ್‌ನಲ್ಲಿ ತನ್ನ ಜಾಗವನ್ನು ತಾನೇ ಕಿರಿದು ಮಾಡಿಕೊಳ್ಳುತ್ತಾ ಹೋದ ನಾಯಕ ಇನ್ನೊಬ್ಬ ನನಗೆ ನೆನಪಿಗೆ ಬರುತ್ತಿಲ್ಲ. ಗಿಟಾರಿಸ್ಟ್‌ಗಳ ಜಾತಿಯಲ್ಲಂತೂ ಇಲ್ಲ.

ನಡುವೆ ‘ಆಲ್ಬಟ್ರಾಸ್’ ಬಂತು. 1968ರ ನವೆಂಬರ್‌ನಲ್ಲಿ ಬಿಡುಗಡೆ, 1969ರ ಶುರುವಿನಲ್ಲಿ ಬ್ರಿಟನ್ನಿನಲ್ಲಿ ನಂಬರ್ ಒನ್. ಹಾಡುವ ದನಿ ಇಲ್ಲ. ಮಿಕ್ ಕೋಲಿನ ಬದಲು ತುದಿಗೆ ಬಟ್ಟೆ ಸುತ್ತಿದ ಮ್ಯಾಲೆಟ್‌ಗಳಿಂದ ಡ್ರಮ್ ಬಾರಿಸುತ್ತಾನೆ. ಬೇಸ್ ಮೆಲ್ಲಗೆ ಏರಿ ಇಳಿಯುತ್ತದೆ. ಮೇಲೆ ಪೀಟರ್‌ನ ಗಿಟಾರ್ ಒಂದು ಸಾಲು ನುಡಿಸಿ ಸುಮ್ಮನಾಗುತ್ತದೆ. ಎರಡು ಸಾಲಿನ ನಡುವೆ ಖಾಲಿ ಇದೆಯಲ್ಲ, ಅಲ್ಲಿ ಏನನ್ನಾದರೂ ತುಂಬಲು ಕೈ ತುರಿಸುವುದಿಲ್ಲವಾ? ಇವನಿಗೆ ತುರಿಸಲಿಲ್ಲ. ಬೀಟಲ್ಸ್‌ನವರು ‘ಸನ್ ಕಿಂಗ್’ ಮಾಡುವಾಗ ಇದನ್ನೇ ಮನಸ್ಸಿನಲ್ಲಿಟ್ಟುಕೊಂಡಿದ್ದರು ಅಂತ ಜಾರ್ಜ್ ಹ್ಯಾರಿಸನ್ ಹೇಳಿದ್ದಾನೆ.

ಹಿಟ್ ಮೇಲೆ ಹಿಟ್. ‘ಮ್ಯಾನ್ ಆಫ್ ದ ವರ್ಲ್ಡ್’ 2ನೇ ಸ್ಥಾನಕ್ಕೆ ಹೋಯಿತು, ‘ಓ ವೆಲ್’ ಕೂಡ 2ಕ್ಕೆ. ದುಡ್ಡು ಬರತೊಡಗಿತು. ಆಗ ನೈಜೀರಿಯಾದ ಬಯಾಫ್ರಾದಲ್ಲಿ ಯುದ್ಧ, ಬರಗಾಲ. ಹೊಟ್ಟೆ ಊದಿಕೊಂಡ ಮಕ್ಕಳನ್ನು ಇಂಗ್ಲೆಂಡಿನವರು ಟಿವಿಯಲ್ಲಿ ನೋಡುತ್ತಿದ್ದರು. ಪೀಟರ್‌ನೂ ನೋಡಿದ. ನಮಗೆ ಬದುಕಲು ಬೇಕಾದಷ್ಟು ಇಟ್ಟುಕೊಂಡು ಉಳಿದದ್ದನ್ನು ಕೊಟ್ಟುಬಿಡೋಣ ಅಂತ ಬ್ಯಾಂಡ್‌ನವರ ಮುಂದೆ ಇಟ್ಟ. ಅವರು ಒಪ್ಪಲಿಲ್ಲ. ಅವರನ್ನು ಬೈಯುವುದಕ್ಕೂ ನನಗೆ ಮನಸ್ಸಿಲ್ಲ, ಕಷ್ಟಪಟ್ಟು ಮೇಲೆ ಬಂದ ಹುಡುಗರು. ಆದರೆ ಹಸಿದ ಮಗುವನ್ನು ಟಿವಿಯಲ್ಲಿ ನೋಡಿ ಚಾನೆಲ್ ಬದಲಿಸುವವರೆಲ್ಲ ಸರಿಯಾಗಿದ್ದೇವೆ, ಜೇಬಿಗೆ ಕೈ ಹಾಕಿದವನಿಗೆ ಮಾತ್ರ ತಲೆ ಕೆಟ್ಟಿದೆ ಅನ್ನೋದು ಯಾವ ನ್ಯಾಯ?

1970ರ ಮಾರ್ಚ್‌ನಲ್ಲಿ ಜರ್ಮನಿಯ ಮ್ಯೂನಿಕ್. ಅಲ್ಲಿ ಒಂದು ಕಮ್ಯೂನ್, ಅಂದರೆ ಒಟ್ಟಾಗಿ ಬದುಕುವವರ ಗುಂಪು, ಅವರ ಮನೆಯಲ್ಲಿ ಪಾರ್ಟಿ, ಎಲ್‌ಎಸ್‌ಡಿ. ಅಲ್ಲಿಂದ ಬಂದ ಮೇಲೆ ಅವನು ಮೊದಲಿನಂತೆ ಇರಲೇ ಇಲ್ಲ ಅಂತ ಬ್ಯಾಂಡ್‌ನವರು ಜೀವಮಾನವಿಡೀ ಹೇಳಿಕೊಂಡು ಬಂದರು. ಆದರೆ ಎಲ್‌ಎಸ್‌ಡಿ ಅವನಿಗೆ ಅದೇ ಮೊದಲೇನಲ್ಲ. ಮುಂದೆ ಅವನಿಗಿದೆ ಅಂತ ಗೊತ್ತಾದ ಸ್ಕಿಜೋಫ್ರೇನಿಯಾ ಅನ್ನೋ ಮಾನಸಿಕ ಕಾಯಿಲೆ ಗಂಡಸರಲ್ಲಿ ಸಾಮಾನ್ಯವಾಗಿ ಕಾಣಿಸಿಕೊಳ್ಳುವುದೂ ಇಪ್ಪತ್ತರ ಆಸುಪಾಸಿನಲ್ಲೇ. ಪೀಟರ್‌ಗೆ ಆಗ 23. ಇಂಥ ಮಾದಕ ವಸ್ತು ಅದನ್ನು ಕೆರಳಿಸಬಹುದು, ಅದು ನಿಜ. ಒಂದೇ ರಾತ್ರಿಯ ಮೇಲೆ ಎಲ್ಲವನ್ನೂ ಹೊರಿಸುವುದು ಮಾತ್ರ ಕಥೆ ಹೇಳುವವರ ಸೋಮಾರಿತನ.

ಆ ಮೇ ತಿಂಗಳಲ್ಲಿ ಬ್ಯಾಂಡ್ ಬಿಟ್ಟ. ಅವನು ಬಿಟ್ಟುಹೋದ ಕೊನೆಯ ಸಿಂಗಲ್ ‘ದ ಗ್ರೀನ್ ಮನಲಿಶಿ’. ಕನಸಿನಲ್ಲಿ ಒಂದು ಹಸಿರು ನಾಯಿ ಬೊಗಳಿತಂತೆ, ಅದು ದುಡ್ಡು ಅಂತ ಗೊತ್ತಾಯಿತಂತೆ, ಬೆವೆತು ಎದ್ದನಂತೆ. ಹಾಡು ಹುಟ್ಟಿದ್ದು ಹಾಗೆ. ಮುಂದೆ ಬರ್ಮಿಂಗ್‌ಹ್ಯಾಮ್‌ನ ಜೂಡಾಸ್ ಪ್ರೀಸ್ಟ್ ಅದನ್ನು ಹೆವಿ ಮೆಟಲ್ ಮಾಡಿತು. ಎಷ್ಟೋ ಮೆಟಲ್ ಹುಡುಗರಿಗೆ ಅದು ಅವರ ಹಾಡೇ.

ಆಮೇಲಿನ ಕಥೆ ಉದ್ದ ಮಾಡುವುದಿಲ್ಲ. ನಡುವೆ ಒಂದು ಸಲ, 1971ರಲ್ಲಿ ಜೆರೆಮಿ ಅಮೆರಿಕದ ಪ್ರವಾಸದ ಮಧ್ಯದಲ್ಲೇ ಒಂದು ಧಾರ್ಮಿಕ ಪಂಥ ಸೇರಿಕೊಂಡು ಕೈಕೊಟ್ಟಾಗ, ಕರೆದರು ಅಂತ ಪೀಟರ್ ಹೋಗಿ ಉಳಿದ ಕಾರ್ಯಕ್ರಮಗಳನ್ನು ಮುಗಿಸಿಕೊಟ್ಟ. ಸ್ಮಶಾನದಲ್ಲಿ ಗುಂಡಿ ತೋಡಿದ, ಆಸ್ಪತ್ರೆಯಲ್ಲಿ ಪೋರ್ಟರ್ ಆಗಿ ದುಡಿದ. ‘ಎಂಥವನಿಗೆ ಎಂಥಾ ಗತಿ’ ಅಂತ ಬರೆಯುವವರಿಗೆ ಒಂದು ಪ್ರಶ್ನೆ: ಗುಂಡಿ ತೋಡುವುದು ಕೀಳು ಕೆಲಸ ಅಂತ ನಿಮಗೆ ಹೇಳಿದವರು ಯಾರು? ನಿಜವಾದ ಕಷ್ಟ ಇದ್ದದ್ದು ಬೇರೆ ಕಡೆ. ಎಪ್ಪತ್ತರ ದಶಕದ ನಡುವಿನಲ್ಲಿ ಸ್ಕಿಜೋಫ್ರೇನಿಯಾ ಅಂತ ಗೊತ್ತಾಯಿತು. ಆಸ್ಪತ್ರೆವಾಸ, ಕರೆಂಟ್ ಶಾಕ್, ದಿನವಿಡೀ ಮಂಪರು ಹಿಡಿಸುವ ಔಷಧ. 1977ರಲ್ಲಿ ತನ್ನ ಲೆಕ್ಕಪತ್ರ ನೋಡುವವನಿಗೆ ಬಂದೂಕಿನ ಬೆದರಿಕೆ ಹಾಕಿದ ಅಂತ ಪೊಲೀಸರು ಹಿಡಿದರು. ರಾಯಲ್ಟಿ ಚೆಕ್ ಕಳಿಸಬೇಡ ಅಂತ ಜಗಳ ಅನ್ನೋದು ಎಲ್ಲರೂ ಹೇಳುವ ಕಥೆ. ಅದೇ ವರ್ಷ ಫ್ಲೀಟ್‌ವುಡ್ ಮ್ಯಾಕ್ ‘ರೂಮರ್ಸ್’ ಆಲ್ಬಂ ಬಿಡುಗಡೆ ಮಾಡಿ ಕೋಟಿಗಟ್ಟಲೆ ಮಾರಿತು. ಇಲ್ಲಿ ನಾನು ಯಾವ ರೊಮ್ಯಾಂಟಿಕ್ ಮಾತನ್ನೂ ಆಡುವುದಿಲ್ಲ. ಕಾಯಿಲೆ ಕಾಯಿಲೆಯೇ. ಅದು ಅವನ ವರ್ಷಗಳನ್ನು ತಿಂದಿತು. ಅದರಿಂದ ಸಂಗೀತವೇನೂ ಹುಟ್ಟಲಿಲ್ಲ. ಅದಕ್ಕೇ ಹೇಳೋದು, ಕಾಯಿಲೆಗೆ ಸೇರಬೇಕಾದದ್ದು ಕಾಯಿಲೆಗೆ ಇರಲಿ, ಅವನ ಒಳ್ಳೆಯತನವನ್ನೂ ಅದರ ಖಾತೆಗೆ ಹಾಕಬೇಡಿ.

ಆ ಲೆಸ್ ಪಾಲ್ ಏನಾಯಿತು ಅಂದರೆ, ಐರ್ಲೆಂಡಿನ ಹುಡುಗ ಗ್ಯಾರಿ ಮೂರ್‌ಗೆ ಹೋಯಿತು. ಕೊಳ್ಳಲು ಕಾಸಿಲ್ಲ ಅಂದವನಿಗೆ, ನಿನ್ನ ಗಿಟಾರ್ ಮಾರು, ಅದಕ್ಕೆ ಎಷ್ಟು ಬರುತ್ತೋ ಅಷ್ಟು ಸಾಕು ಅಂದನಂತೆ ಪೀಟರ್. ಗ್ಯಾರಿ ಅದನ್ನು ದಶಕಗಟ್ಟಲೆ ನುಡಿಸಿದ, 1995ರಲ್ಲಿ ಪೀಟರ್‌ನ ಹಾಡುಗಳದ್ದೇ ಒಂದು ಆಲ್ಬಂ ಮಾಡಿದ. ಈಗ ಅದು ಮೆಟಾಲಿಕಾ ಬ್ಯಾಂಡ್‌ನ ಗಿಟಾರಿಸ್ಟ್ ಕರ್ಕ್ ಹ್ಯಾಮೆಟ್ ಹತ್ತಿರ ಇದೆ.

ತೊಂಬತ್ತರ ದಶಕದಲ್ಲಿ ಗೆಳೆಯ ನೈಜೆಲ್ ವಾಟ್ಸನ್ ಜೊತೆ ಸ್ಪ್ಲಿಂಟರ್ ಗ್ರೂಪ್ ಕಟ್ಟಿ ಮತ್ತೆ ನುಡಿಸಿದ. ಬೆರಳು ಮೊದಲಿನಷ್ಟು ಓಡುತ್ತಿರಲಿಲ್ಲ, ಸುಳ್ಳು ಯಾಕೆ ಹೇಳಲಿ. 1998ರಲ್ಲಿ ರಾಕ್ ಅಂಡ್ ರೋಲ್ ಹಾಲ್ ಆಫ್ ಫೇಮ್‌ಗೆ ಫ್ಲೀಟ್‌ವುಡ್ ಮ್ಯಾಕ್ ಸೇರಿದ ರಾತ್ರಿ ಸಂತಾನಾನೂ ಸೇರಿದ. ಪೀಟರ್ ವೇದಿಕೆ ಹತ್ತಿದ್ದು ಸಂತಾನಾ ಜೊತೆ, ‘ಬ್ಲ್ಯಾಕ್ ಮ್ಯಾಜಿಕ್ ವುಮನ್’ ನುಡಿಸಲು. 2020ರ ಫೆಬ್ರವರಿಯಲ್ಲಿ ಮಿಕ್ ಫ್ಲೀಟ್‌ವುಡ್ ಲಂಡನ್ನಿನ ಪಲೇಡಿಯಂನಲ್ಲಿ ಅವನ ಗೌರವಕ್ಕೆ ದೊಡ್ಡ ಕಾರ್ಯಕ್ರಮ ಮಾಡಿದ. ಡೇವಿಡ್ ಗಿಲ್ಮೋರ್, ಪೀಟ್ ಟೌನ್‌ಶೆಂಡ್, ಆ ಹಳೇ ಗಿಟಾರ್ ಹಿಡಿದು ಹ್ಯಾಮೆಟ್, ಎಲ್ಲ ಬಂದರು. ಪೀಟರ್ ಬರಲಿಲ್ಲ. ಅದೇ ವರ್ಷದ ಜುಲೈ 25ರಂದು 73ರ ವಯಸ್ಸಿನಲ್ಲಿ ನಿದ್ದೆಯಲ್ಲೇ ತೀರಿಕೊಂಡ.

ಇನ್ನು ಕೇಳುವವರಿಗೆ. ‘ಆಲ್ಬಟ್ರಾಸ್’ ಎಲ್ಲರೂ ಕೇಳ್ತೀರ, ಹೇಳಬೇಕಿಲ್ಲ. ‘ನೀಡ್ ಯುವರ್ ಲವ್ ಸೋ ಬ್ಯಾಡ್’ ಕೇಳಿ, ಗಾಯಕನಾಗಿ ಅವನನ್ನು ಯಾರೂ ಹೊಗಳುವುದಿಲ್ಲ ಅನ್ನೋದು ನನ್ನ ಹಳೇ ದೂರು. ಆಮೇಲೆ 1970ರ ಫೆಬ್ರವರಿಯಲ್ಲಿ ಬಾಸ್ಟನ್ನಿನ ಟೀ ಪಾರ್ಟಿ ಕ್ಲಬ್ಬಿನಲ್ಲಿ ಆದ ಲೈವ್ ರೆಕಾರ್ಡಿಂಗ್ ಹುಡುಕಿ. ‘ರ‍್ಯಾಟಲ್‌ಸ್ನೇಕ್ ಶೇಕ್’ ಮುಗಿಯುವ ಲಕ್ಷಣವೇ ಕಾಣಿಸುವುದಿಲ್ಲ, ಅಷ್ಟು ಉದ್ದ. ಪೀಟರ್ ಒಂದು ಸಾಲು ಎಸೆಯುತ್ತಾನೆ, ಡ್ಯಾನಿ ಅದನ್ನು ಹಿಡಿಯುತ್ತಾನೆ, ಪೀಟರ್ ಪಕ್ಕಕ್ಕೆ ಸರಿದು ಅವನಿಗೆ ದಾರಿ ಬಿಡುತ್ತಾನೆ. ಮ್ಯೂನಿಕ್‌ಗೆ ಇನ್ನೂ ಒಂದು ತಿಂಗಳಿತ್ತು. ದುಡ್ಡು ಕೊಟ್ಟುಬಿಡೋಣ ಅನ್ನುವ ಮಾತು ಬ್ಯಾಂಡ್‌ನಲ್ಲಿ ಆಗಲೇ ಶುರುವಾಗಿತ್ತು. ಆ ಕೈಗಳು ತಲೆ ಕೆಟ್ಟವನದ್ದಾ ಅಂತ ಕೇಳಿ ನೋಡಿ, ಆಮೇಲೆ ಕಾಮೆಂಟ್‌ನಲ್ಲಿ ಜಗಳಕ್ಕೆ ಬನ್ನಿ.